ಹೊಸ ಸೊಸೆ, ಅವಳ ಬೆಕ್ಕು, ನಮ್ಮ ಮುಧೋಳ ನಾಯಿ: ಮೂವರನ್ನೂ ಒಂದೇ ಮನೆಯಲ್ಲಿ ಹೊಂದಿಸುವುದು ಹೇಗೆ?

ಮಾಳಮಡ್ಡಿ ಮನೆ, ಧಾರವಾಡ

ಎಲ್ಲರಿಗೂ ನಮಸ್ಕಾರ. ವೈಶಾಖದಲ್ಲಿ ನನ್ನ ಮಗನ ಮದುವೆ. ಹುಡುಗಿ ರಾಣೆಬೆನ್ನೂರಿನವಳು, ಮನೆಯ ಎಲ್ಲರಿಗೂ ಹಿಡಿಸಿದ್ದಾಳೆ. ಆದರೆ ಚಿಕ್ಕಂದಿನಲ್ಲಿ ಓಣಿಯ ನಾಯಿಯೊಂದು ಅಟ್ಟಿಸಿಕೊಂಡು ಬಂದು ಅವಳ ಕಾಲಿಗೆ ಬಾಯಿ ಹಾಕಿತ್ತಂತೆ. ಅಂದಿನಿಂದ ನಾಯಿ ಎಂದರೆ ಅವಳಿಗೆ ಜೀವಭಯ. ತನ್ನವರೊಂದಿಗೆ ನಮ್ಮ ಮನೆ ನೋಡಲು ಬಂದ ದಿನ ಭೀಮ ಹಿತ್ತಲಿನಿಂದ ಒಂದೇ ಸಲ ಬೊಗಳಿದ. ಅವಳ ಕೈಯಲ್ಲಿದ್ದ ಚಹಾ ಬಸಿಗೆ ತುಳುಕಿತು.

ಭೀಮ ಮುಧೋಳ ತಳಿಯವನು, ವಯಸ್ಸು ಏಳು. ಮರಿಯಾಗಿದ್ದಾಗ ನಮ್ಮ ಯಜಮಾನರು ತಂದಿದ್ದರು. ಅವರು ಹೋದ ಮೇಲೆ ಮಗನ ಕೋಣೆಯ ಬಾಗಿಲಿಗೆ ಅಡ್ಡವಾಗಿ ಮಲಗುವುದನ್ನು ರೂಢಿ ಮಾಡಿಕೊಂಡಿದ್ದಾನೆ. ಮನೆಯವರಿಗೆ ಒಮ್ಮೆಯೂ ಹಲ್ಲು ತೋರಿಸಿದವನಲ್ಲ. ಆದರೆ ಕಾಂಪೌಂಡಿನ ಮೇಲೆ ಬೆಕ್ಕು ಕಂಡರೆ ಮುಗಿಯಿತು, ಹಿಡಿದವರ ತೋಳು ಕಳಚುವಂತೆ ಎಳೆಯುತ್ತಾನೆ. ಹುಡುಗಿಯೋ, ಚಿನ್ನಿ ಎಂಬ ಬೆಕ್ಕನ್ನು ಸಾಕಿದ್ದಾಳೆ. ನನಗೆ ಬೇರೇನೂ ಬೇಡ, ಚಿನ್ನಿಯನ್ನು ಕರೆದುಕೊಂಡು ಬರಲು ಬಿಡಿ ಎಂದು ಮಗನ ಹತ್ತಿರ ಕೇಳಿದ್ದಾಳೆ. ನಾನು ಆಗಲಿ ಎಂದಿದ್ದೇನೆ.

ನೆಂಟರದು ಒಂದೇ ಮಾತು: ನಾಯಿಯನ್ನು ಕುಂದಗೋಳದ ಹೊಲಕ್ಕೆ ಕಳಿಸಿ, ಇಲ್ಲವೇ ಹಿತ್ತಲಿನಲ್ಲಿ ಕಟ್ಟಿಹಾಕಿ. ಹೊಲಕ್ಕೆ ನಾನು ಕಳಿಸುವುದಿಲ್ಲ. ಇಷ್ಟು ವರ್ಷ ಮನೆಯೊಳಗೆ ಮಲಗಿದ ಜೀವಕ್ಕೆ ಅಂಥ ಶಿಕ್ಷೆ ಯಾವ ತಪ್ಪಿಗೆ? ಹಾಗೆಂದು, ಬಾಳಲು ಬರುವ ಹುಡುಗಿ ಗೋಡೆಗೆ ಅಂಟಿಕೊಂಡು ಓಡಾಡುವುದೂ ನನಗೆ ಬೇಡ. ಮದುವೆಗೆ ಇನ್ನೂ ಎರಡು ತಿಂಗಳ ಮೇಲಿದೆ. ಅನುಭವ ಇದ್ದವರು ದಯವಿಟ್ಟು ವಿವರವಾಗಿ ಹೇಳಿ.

ನವನಗರ ಸುತ್ತಾಟ, ಹುಬ್ಬಳ್ಳಿ

ಕಾಕು, ಎರಡು ತಿಂಗಳು ಒಳ್ಳೆಯ ಕಾಲಾವಕಾಶ. ಆದರೆ ಇವತ್ತೇ ಶುರು ಮಾಡಿ.

ಮೊದಲು ಒಂದು ಲೆಕ್ಕ ಹಾಕಿ: ಮದುವೆಯ ನಂತರ ಭೀಮನ ದಿನಚರಿಯಲ್ಲಿ ಏನೇನು ಬದಲಾಗುತ್ತದೆ? ಆ ಬದಲಾವಣೆಯೆಲ್ಲ ಸೊಸೆ ಬರುವುದಕ್ಕಿಂತ ಮೊದಲೇ ಆಗಿಹೋಗಿರಬೇಕು. ಮಗನ ಕೋಣೆಯ ಬಾಗಿಲಿಗೆ ಅಡ್ಡ ಮಲಗುತ್ತಾನೆ ಎಂದಿರಿ. ಅದೇ ಜಾಗದಲ್ಲಿ ಅವನು ಮುಂದುವರಿದರೆ, ನಾಯಿಗೆ ಹೆದರುವ ಹುಡುಗಿ ಬೆಳಿಗ್ಗೆ ಎದ್ದು ಬಾಗಿಲು ತೆಗೆದಾಗ ಮೊದಲು ಕಾಣುವುದೇ ಅವನ ಮುಖ. ಹೊರಗೆ ಬರಲು ಅವಳು ಅವನನ್ನು ದಾಟಬೇಕು. ನೀರು ಕುಡಿಯಲು ಎದ್ದರೂ ಗಂಡನನ್ನು ಎಬ್ಬಿಸಬೇಕು. ಆದ್ದರಿಂದ ಅವನ ಹಾಸಿಗೆಯನ್ನು ಈಗಲೇ ಪಡಸಾಲೆಯಲ್ಲಿ ನಿಮ್ಮ ಮಂಚದ ಹತ್ತಿರಕ್ಕೆ ತನ್ನಿ. ಒಂದೇ ರಾತ್ರಿಯಲ್ಲಿ ಅಲ್ಲ. ದಿನಕ್ಕೊಂದಿಷ್ಟು ಸರಿಸುತ್ತ ಬನ್ನಿ. ಮಲಗುವ ಮುಂಚೆ ಮಗ ಸ್ವಲ್ಪ ಹೊತ್ತು ಅಲ್ಲಿಯೇ ಕುಳಿತು ಅವನ ಕಿವಿಯ ಹಿಂದೆ ಕೆರೆಯಲಿ.

ಊಟ ಹಾಕುವವರು ಯಾರು, ಸುತ್ತಾಡಿಸುವವರು ಯಾರು, ಎಷ್ಟು ಗಂಟೆಗೆ, ಇವೂ ಹಾಗೆಯೇ. ಹೊಸಬರು ಕಾಲಿಟ್ಟ ದಿನವೇ ಮಲಗುವ ಜಾಗ ಹೋಯಿತು, ಸಂಜೆಯ ಸುತ್ತಾಟ ತಪ್ಪಿತು, ಯಜಮಾನನ ಕೋಣೆಯ ಬಾಗಿಲು ಮುಚ್ಚಿತು ಎಂದಾದರೆ ನಾಯಿ ಏನು ತಿಳಿಯಬೇಕು? ಕಳೆದುಕೊಂಡದ್ದನ್ನೆಲ್ಲ ಅದು ಬಂದವರ ಲೆಕ್ಕಕ್ಕೆ ಬರೆದುಬಿಡುತ್ತದೆ.

ವಾಸನೆ ಎರಡನೆಯ ಕೆಲಸ. ಸೊಸೆ ಉಟ್ಟು ಬಿಟ್ಟ, ಒಗೆಯದ ದುಪಟ್ಟಾ ಒಂದನ್ನು ತರಿಸಿಕೊಳ್ಳಿ. ಭೀಮನ ಊಟದ ತಟ್ಟೆಯಿಂದ ಸ್ವಲ್ಪ ದೂರದಲ್ಲಿ ಇಡಿ. ಅವನ ಮೂಗಿಗೆ ಒತ್ತಬೇಡಿ. ಅವನಾಗಿಯೇ ಹೋಗಿ ಮೂಸಬೇಕು, ಸಾಕೆನಿಸಿದಾಗ ಅವನಾಗಿಯೇ ಬಿಟ್ಟು ಬರಬೇಕು.

ಮೊದಲ ಭೇಟಿ ಮನೆಯ ಬಾಗಿಲಿನಲ್ಲಿ ಬೇಡ. ಬಾಗಿಲು ಕಾಯುವುದು ತನ್ನ ಕೆಲಸ ಎಂದು ನಾಯಿ ನಂಬಿರುತ್ತದೆ. ಹುಡುಗಿ ಮದುವೆಯ ಸೀರೆ ಖರೀದಿಗೆಂದು ಧಾರವಾಡಕ್ಕೆ ಬಂದರೆ ಬೆಳಗಿನ ಹೊತ್ತು ಕೆಲಗೇರಿ ಕೆರೆಯ ಕಡೆ ಹೋಗಿ. ಭೀಮನನ್ನು ಮಗ ಹಿಡಿದುಕೊಳ್ಳಲಿ. ನೀವಿಬ್ಬರೂ ದೂರದಲ್ಲಿ ಅದೇ ದಿಕ್ಕಿಗೆ ನಡೆಯಿರಿ. ಎದುರುಬದುರು ಬರುವುದು ಬೇಡ, ಮಾತನಾಡಿಸುವುದು ಬೇಡ, ಮುಟ್ಟುವುದಂತೂ ಬೇಡವೇ ಬೇಡ. ಹಗ್ಗ ಸಡಿಲವಾಗಿರಲಿ. ಹಿಡಿದವನ ಕೈ ಬಿಗಿಯಾದರೆ ಮುಂದೆ ಏನೋ ಅಪಾಯವಿದೆ ಎಂದು ನಾಯಿಗೆ ಆ ಹಗ್ಗವೇ ಹೇಳಿಬಿಡುತ್ತದೆ.

ಬೆಟಗೇರಿ ಮಗ್ಗ, ಗದಗ

ನಮ್ಮದು ನೇಕಾರಿಕೆಯ ಮನೆ. ನೂಲಿಗೆ ಇಲಿ ಬೀಳಬಾರದೆಂದು ತಲೆತಲಾಂತರದಿಂದ ಬೆಕ್ಕು ಸಾಕಿದವರು. ಚಿನ್ನಿಯ ವಿಷಯ ನಾನು ಹೇಳುತ್ತೇನೆ.

ನಾಯಿಗೆ ಜನ ಮುಖ್ಯ, ಬೆಕ್ಕಿಗೆ ಜಾಗವೂ ಅಷ್ಟೇ ಮುಖ್ಯ. ಊರು ಬಿಟ್ಟು ಬಂದ ಬೆಕ್ಕಿಗೆ ಮೊದಲ ದಿನವೇ ಇಡೀ ಮನೆ ತೋರಿಸಲು ಹೋಗಬೇಡಿ. ಒಂದು ಕೋಣೆ ಸಾಕು. ಅದರಲ್ಲಿ ನೀರು, ಊಟ, ಊಟದಿಂದ ದೂರದ ಮೂಲೆಯಲ್ಲಿ ಮರಳಿನ ಟ್ರೇ, ಅಡಗಿಕೊಳ್ಳಲು ಒಂದು ರಟ್ಟಿನ ಪೆಟ್ಟಿಗೆ, ಏರಿ ಕೂರಲು ಎತ್ತರದ ಒಂದು ಜಾಗ. ರಾಣೆಬೆನ್ನೂರಿನಲ್ಲಿ ಅದು ಮಲಗುತ್ತಿದ್ದ ಕೌದಿಯನ್ನು ಒಗೆಯದೆ ಹಾಗೆಯೇ ತರಲು ಹೇಳಿ. ಹೊಸ ಮನೆಯಲ್ಲಿ ಅದಕ್ಕೆ ಗುರುತಿನ ವಾಸನೆ ಎಂದರೆ ಆ ಕೌದಿ ಮತ್ತು ನಿಮ್ಮ ಸೊಸೆ, ಇವೆರಡೇ. ಇನ್ನೊಂದು, ದಯವಿಟ್ಟು ಗೋಣಿಚೀಲದಲ್ಲಿ ಕಟ್ಟಿ ತರಬೇಡಿ. ಗಾಳಿಯಾಡುವ, ಮುಚ್ಚಳ ಭದ್ರವಾಗಿರುವ ಬುಟ್ಟಿಯಲ್ಲಿ ತನ್ನಿ. ತರುವ ಮೊದಲು ಕೆಲವು ದಿನ ಆ ಬುಟ್ಟಿಯನ್ನು ಮನೆಯಲ್ಲಿ ತೆರೆದಿಟ್ಟು, ಒಳಗೆ ಊಟ ಹಾಕಿದರೆ ಬೆಕ್ಕಿಗೆ ಅದರ ಭಯ ಹೋಗಿರುತ್ತದೆ.

ಬಾಗಿಲು ಮುಚ್ಚಿರಲಿ. ಮುಚ್ಚಿದ ಬಾಗಿಲಿನ ಆಚೆ ನಾಯಿಗೆ ಊಟ, ಈಚೆ ಬೆಕ್ಕಿಗೆ ಊಟ. ತಟ್ಟೆಗಳನ್ನು ಮೊದಲು ಬಾಗಿಲಿನಿಂದ ದೂರ ಇಡಿ. ಎರಡೂ ತಲೆ ಎತ್ತದೆ ತಿನ್ನುತ್ತಿವೆ ಎಂದರೆ ಮರುದಿನ ಒಂದು ಗೇಣು ಹತ್ತಿರ. ಬೆಕ್ಕು ತಿನ್ನುವುದನ್ನು ನಿಲ್ಲಿಸಿ ಕಿವಿಯನ್ನು ಹಿಂದಕ್ಕೆ ಚಪ್ಪಟೆ ಮಾಡಿದರೆ ಮತ್ತೆ ಹಿಂದಕ್ಕೆ. ನಮ್ಮ ಮನೆಗೆ ಎರಡನೆಯ ಬೆಕ್ಕು ತಂದಾಗ ಹಳೆಯದು ಮೊದಲೆಲ್ಲ ಬಾಗಿಲಿನ ಸಂದಿಗೆ ಮೂಗಿಟ್ಟು ಬುಸುಗುಟ್ಟುತ್ತಿತ್ತು. ಆಮೇಲೆ ಬುಸುಗುಟ್ಟಿ ಬಂದು ತಿನ್ನತೊಡಗಿತು. ಆಮೇಲೆ ತಿಂದು ಹೋಗಿ ಬುಸುಗುಟ್ಟಿತು. ಕೊನೆಗೊಂದು ದಿನ ಬಾಗಿಲಿನ ಕೆಳಗಿನ ಸಂದಿಯಲ್ಲಿ ಒಳಗಿನಿಂದ ಒಂದು ಬಿಳಿ ಪಂಜ ಹೊರಬಂತು; ಹಳೆಯದು ಅದನ್ನು ಉಗುರು ತೆಗೆಯದೆ ತಟ್ಟಿತು. ಅಂದು ನಾನು ಬಾಗಿಲನ್ನು ನಾಲ್ಕು ಬೆರಳಿನಷ್ಟು ತೆರೆದೆ.

ಬೆಕ್ಕಿನ ಕೆನ್ನೆ, ಗದ್ದದ ಬಳಿ ವಾಸನೆಯ ಗ್ರಂಥಿಗಳಿರುತ್ತವೆ. ಅದು ಕುರ್ಚಿಯ ಕಾಲಿಗೆ ಕೆನ್ನೆ ಉಜ್ಜುವುದು ಇದು ನನ್ನ ಜಾಗ ಎಂದು ಗುರುತು ಹಾಕಲು. ಒಂದು ಹತ್ತಿಯ ಬಟ್ಟೆಯಿಂದ ಚಿನ್ನಿಯ ಕೆನ್ನೆಯನ್ನು ಮೆಲ್ಲಗೆ ಸವರಿ ಭೀಮನ ಕಡೆ ಇಡಿ. ಭೀಮನ ಮೈ ಒರೆಸಿದ ಬಟ್ಟೆಯನ್ನು ಚಿನ್ನಿಯ ಕೋಣೆಯಲ್ಲಿಡಿ. ಭೀಮ ಹೊರಗೆ ಹೋದಾಗ ಚಿನ್ನಿಗೆ ಪಡಸಾಲೆ ಬಿಟ್ಟುಕೊಡಿ. ಮಾಳಮಡ್ಡಿಯ ಹಳೆಯ ಮನೆಯಾದರೆ ಗೋಡೆಯ ಮೇಲೆ ನಾಗಂದಿಗೆ ಇರಬೇಕಲ್ಲ, ಅದರ ಮೇಲಿನ ಪಾತ್ರೆಗಳನ್ನು ಇಳಿಸಿ ಬೆಕ್ಕಿಗೆ ಕೊಟ್ಟುಬಿಡಿ.

ಹಳೇ ಹುಬ್ಬಳ್ಳಿ ಕಟ್ಟೆ

ಎಲ್ಲರ ಮೇಲೂ ಗೌರವ ಇಟ್ಟುಕೊಂಡೇ ಹೇಳುತ್ತೇನೆ. ಇದು ಅತಿಯಾಯಿತು. ನಮ್ಮ ಅಜ್ಜನ ಕಾಲದಲ್ಲಿ ಒಂದೇ ಅಂಗಳದಲ್ಲಿ ನಾಯಿ, ಬೆಕ್ಕು, ಆಡು, ಕೋಳಿ ಎಲ್ಲವೂ ಇದ್ದವು. ಹೊಸ ನಾಯಿ ಬಂದರೆ ಬೆಕ್ಕು ಮೂಗಿನ ಮೇಲೆ ಒಂದು ಬಾರಿಸುತ್ತಿತ್ತು, ಅಲ್ಲಿಗೆ ಪಾಠ ಮುಗಿಯುತ್ತಿತ್ತು. ಮೊದಲ ದಿನವೇ ಎದುರಿಗೆ ತನ್ನಿ. ಗುರುಗುಟ್ಟಿದರೆ ಗದರಿಸಿ ಒಂದು ಪೆಟ್ಟು ಕೊಡಿ. ಯಜಮಾನ ಯಾರೆಂದು ಪ್ರಾಣಿಗೆ ಗೊತ್ತಾಗಬೇಕು.

ನವನಗರ ಸುತ್ತಾಟ, ಹುಬ್ಬಳ್ಳಿ

ಅಣ್ಣಾ, ಆ ಅಂಗಳಕ್ಕೆ ಬಾಗಿಲು ಎಷ್ಟಿದ್ದವು ನೆನಪಿಸಿಕೊಳ್ಳಿ. ಸರಿಬೀಳದ ಪ್ರಾಣಿ ಮಾಳಿಗೆ ಏರುತ್ತಿತ್ತು, ಹಿತ್ತಲಿಗೆ ಓಡುತ್ತಿತ್ತು, ಬೇಸರವಾದರೆ ಪಕ್ಕದ ಮನೆಯಲ್ಲಿ ಎರಡು ದಿನ ಇದ್ದು ಬರುತ್ತಿತ್ತು. ಅವುಗಳ ನಡುವಿನ ದೂರವನ್ನು ಅವೇ ನಿರ್ಧರಿಸುತ್ತಿದ್ದವು. ಮೂವತ್ತು ನಲವತ್ತರ ಸೈಟಿನ ಮನೆಯಲ್ಲಿ, ಗ್ರಿಲ್ ಬಾಗಿಲಿನ ಒಳಗೆ ಅವು ಎಲ್ಲಿಗೆ ಓಡಬೇಕು? ಆ ದೂರವನ್ನು ಈಗ ನಾವೇ ಮಾಡಿಕೊಡಬೇಕು. ಅಂಗಳದಲ್ಲಿ ಸತ್ತ ಬೆಕ್ಕಿನ ಮರಿಗಳನ್ನು ಲೆಕ್ಕ ಇಟ್ಟವರೂ ಯಾರೂ ಇಲ್ಲ.

ಗದಗ ಪಶುವೈದ್ಯ

ಪೆಟ್ಟು ಕೊಡುವ ಸಲಹೆಯನ್ನು ದಯವಿಟ್ಟು ಯಾರೂ ಪಾಲಿಸಬೇಡಿ. ಇದರ ಪರಿಣಾಮವನ್ನು ಗಾಯವಾಗಿ ಬಂದ ಮೇಲೆ ನಾವು ನೋಡುತ್ತೇವೆ.

ಗುರುಗುಟ್ಟುವುದು ನಾಯಿ ಕೊಡುವ ಎಚ್ಚರಿಕೆ. ಅದಕ್ಕೆ ಹೊಡೆದರೆ ನಾಯಿಯ ಭಯ ಹೋಗುವುದಿಲ್ಲ, ಎಚ್ಚರಿಕೆ ಕೊಡುವ ಅಭ್ಯಾಸ ಹೋಗುತ್ತದೆ. ಮುಂದಿನ ಸಲ ಅದು ಸದ್ದಿಲ್ಲದೆ ನೇರವಾಗಿ ಕಚ್ಚುತ್ತದೆ. ಆಮೇಲೆ ಎಲ್ಲರೂ ಯಾವ ಸೂಚನೆಯೂ ಇರಲಿಲ್ಲ ಎನ್ನುತ್ತಾರೆ. ಗುರುಗುಟ್ಟಿದಾಗ ಮಾಡಬೇಕಾದದ್ದು ಇಬ್ಬರ ನಡುವೆ ದೂರ ಹೆಚ್ಚಿಸುವುದು, ಅಷ್ಟೇ.

ಗುರುಗುಟ್ಟುವ ಮುಂಚಿನ ಸೂಚನೆಗಳನ್ನು ಕಲಿತರೆ ಇನ್ನೂ ಒಳ್ಳೆಯದು. ನಿದ್ದೆಯಿಲ್ಲದ ಹೊತ್ತಿನಲ್ಲಿ ಆಕಳಿಸುವುದು, ತಿನ್ನಲು ಏನೂ ಇಲ್ಲದಿದ್ದರೂ ನಾಲಿಗೆಯಿಂದ ಮೂಗು ನೆಕ್ಕಿಕೊಳ್ಳುವುದು, ಮುಖ ಬೇರೆ ಕಡೆ ತಿರುಗಿಸಿ ಕಣ್ಣಿನ ಬಿಳಿಭಾಗ ಕಾಣುವಂತೆ ವಾರೆನೋಟ ಬೀರುವುದು, ಇದ್ದಕ್ಕಿದ್ದಂತೆ ಮೈ ಸೆಟೆದು ನಿಲ್ಲುವುದು. ಬಾಲ ಅಲ್ಲಾಡಿಸುವುದೆಲ್ಲ ಸಂತೋಷವಲ್ಲ. ಬಾಲ ಮೇಲೆತ್ತಿ ಬಿಗಿಯಾಗಿ, ಸಣ್ಣದಾಗಿ ಅಲ್ಲಾಡಿಸುತ್ತಿದ್ದರೆ ಅದು ಉದ್ವೇಗ.

ತಾಯಿ, ನಿಮ್ಮ ಭೀಮನ ವಿಷಯದಲ್ಲಿ ತಳಿಯನ್ನೂ ಗಮನಿಸಬೇಕು. ಮುಧೋಳ ನಾಯಿ ಕಣ್ಣಿನಿಂದ ಬೇಟೆಯಾಡುವ ತಳಿ. 2005ರಲ್ಲಿ ಅಂಚೆ ಇಲಾಖೆ ದೇಶಿ ನಾಯಿಗಳ ಚೀಟಿ ತಂದಾಗ ಅದರಲ್ಲಿ ಸ್ಥಾನ ಪಡೆದ ನಮ್ಮ ಹೆಮ್ಮೆಯ ತಳಿ ಅದು, ಆದರೆ ಮೊಲ ಅಟ್ಟಲು ಬೆಳೆಸಿದ ತಳಿಯೂ ಹೌದು. ಓಡುವ ಸಣ್ಣ ಪ್ರಾಣಿ ಕಂಡೊಡನೆ ಅದು ಅಟ್ಟುವುದು ಸಿಟ್ಟಿನಿಂದಲ್ಲ, ಆದ್ದರಿಂದ ಗದರಿಕೆಯಿಂದ ನಿಲ್ಲುವುದೂ ಇಲ್ಲ. ಸೊಸೆಯೊಂದಿಗೆ ಅವನು ಹೊಂದಿಕೊಳ್ಳುವ ಸಾಧ್ಯತೆ ಚೆನ್ನಾಗಿದೆ. ಬೆಕ್ಕಿನೊಂದಿಗೆ ಪೂರ್ತಿ ನಂಬಿಕೆಯಿಂದ ಬಿಡುವ ದಿನ ಬರದೆಯೂ ಇರಬಹುದು. ಅದಕ್ಕೆ ಮನಸ್ಸು ಈಗಲೇ ಗಟ್ಟಿ ಮಾಡಿಕೊಳ್ಳಿ. ಚಿನ್ನಿಯ ಕೋಣೆಗೆ ಮರದ ಬಾಗಿಲಿನ ಜೊತೆಗೆ ಗಟ್ಟಿಯಾದ ಜಾಲರಿ ಬಾಗಿಲೊಂದನ್ನು ಮಾಡಿಸಿ. ಬಡಗಿಗೆ ಹೇಳಲು ಇದು ಸಕಾಲ.

ಈ ಎರಡು ತಿಂಗಳಲ್ಲಿ ಭೀಮನಿಗೆ ಒಂದು ಪಾಠ ಕಲಿಸಿ: ಹೆಸರು ಕರೆದೊಡನೆ ನೋಡುತ್ತಿದ್ದುದನ್ನು ಬಿಟ್ಟು ನಿಮ್ಮ ಕಡೆ ತಿರುಗುವುದು. ತಿರುಗಿದ ಕ್ಷಣವೇ ಬೇಯಿಸಿದ ಕೋಳಿಯ ಚೂರು; ಮಾಂಸ ತಿನ್ನದ ಮನೆಯಾದರೆ ಪನೀರಿನ ಚೂರು. ಮೊದಲು ಬರಿದಾದ ಪಡಸಾಲೆಯಲ್ಲಿ, ಆಮೇಲೆ ಅಂಗಳದಲ್ಲಿ, ಆಮೇಲೆ ದೂರದಲ್ಲಿ ಬೆಕ್ಕು ಕಾಣುವ ಜಾಗದಲ್ಲಿ. ಬೆಕ್ಕು ಕಂಡರೂ ಕೈಯಲ್ಲಿದ್ದ ತಿಂಡಿ ತೆಗೆದುಕೊಳ್ಳುವಷ್ಟು ಎಚ್ಚರ ಅವನಿಗಿದ್ದರೆ ಆ ದೂರ ಸರಿ. ತಿಂಡಿಯೇ ಕಾಣುತ್ತಿಲ್ಲವೆಂದರೆ ನೀವು ತುಂಬ ಹತ್ತಿರ ಇದ್ದೀರಿ.

ಆರೋಗ್ಯದ ಮಾತು. ಚಿನ್ನಿಗೆ ರೇಬಿಸ್ ಲಸಿಕೆ ಮತ್ತು ಬೆಕ್ಕುಗಳ ಸಂಯುಕ್ತ ಲಸಿಕೆ ಆಗಿದೆಯೇ ಕೇಳಿ. ಜಂತುಹುಳದ ಔಷಧ, ಚಿಗಟಕ್ಕೆ ಔಷಧ, ಮೈಮೇಲೆ ಹುಳುಕಡ್ಡಿ ಇದೆಯೇ ಎಂಬ ಪರೀಕ್ಷೆ, ಇವೆಲ್ಲ ಪಯಣಕ್ಕೆ ಮೊದಲೇ ಮುಗಿಯಲಿ. ಹುಳುಕಡ್ಡಿ ಬೆಕ್ಕಿನಿಂದ ಮನುಷ್ಯರಿಗೂ ಅಂಟುತ್ತದೆ. ಭೀಮನ ವಾರ್ಷಿಕ ರೇಬಿಸ್ ಲಸಿಕೆಯ ದಿನಾಂಕವನ್ನೂ ನೋಡಿಕೊಳ್ಳಿ. ಹೊಸ ಪ್ರಾಣಿಯನ್ನು ಮೊದಲ ಎರಡು ವಾರ ಬೇರೆ ಇಡುವುದು ಸ್ನೇಹಕ್ಕೂ ಒಳ್ಳೆಯದು, ಒಳಗೆ ಅಡಗಿರುವ ರೋಗ ಹೊರಬೀಳುವುದಕ್ಕೂ ಕಾಲ ಸಿಗುತ್ತದೆ. ಗದಗಿನ ಸುತ್ತಲಿನವರಿಗೆ ಇಲ್ಲಿ ಪಶುವೈದ್ಯಕೀಯ ಕಾಲೇಜು ಇದೆ. ಧಾರವಾಡದವರು ಹತ್ತಿರದ ಪಶು ಆಸ್ಪತ್ರೆಯಲ್ಲಿ ತೋರಿಸಿ.

ನಾಯಿಯಾಗಲಿ ಬೆಕ್ಕಾಗಲಿ ಕಚ್ಚಿದರೆ, ಪರಚಿ ರಕ್ತ ಬಂದರೆ, ಗಾಯವನ್ನು ಹರಿಯುವ ನೀರು ಮತ್ತು ಸಾಬೂನಿನಿಂದ 15 ನಿಮಿಷ ತೊಳೆಯಿರಿ. ಅರಿಶಿನ, ಸುಣ್ಣ, ಖಾರದ ಪುಡಿ ಮೆತ್ತಬೇಡಿ. ಮನೆಯ ಪ್ರಾಣಿಯೇ ಆದರೂ ಅಂದೇ ಆಸ್ಪತ್ರೆಗೆ ಹೋಗಿ.

ಗೋಕುಲ ರಸ್ತೆ ಸೊಸೆ, ಹುಬ್ಬಳ್ಳಿ

ಇಲ್ಲಿ ಎಲ್ಲರೂ ನಾಯಿಗೆ ಏನು ಮಾಡಬೇಕೆಂದು ಹೇಳಿದಿರಿ. ಹೆದರುವ ಹುಡುಗಿಗೆ ಏನು ಮಾಡಬೇಕೆಂದು ನಾನು ಹೇಳುತ್ತೇನೆ, ಏಕೆಂದರೆ ನಾನೂ ಹಾಗೆಯೇ ಬಂದವಳು.

ಮದುವೆಯಾಗಿ ಬಂದ ಮನೆಯಲ್ಲಿ ದೊಡ್ಡದೊಂದು ಲ್ಯಾಬ್ರಡಾರ್ ಇತ್ತು. ಬಂದ ನೆಂಟರು, ಓಣಿಯವರು, ಎಲ್ಲರೂ ಒಂದೇ ಮಾತು ಹೇಳುತ್ತಿದ್ದರು: ಅದು ಏನೂ ಮಾಡುವುದಿಲ್ಲ, ಬಾ, ಮುಟ್ಟು. ಕಾಕು, ಈ ಮಾತನ್ನು ನಿಮ್ಮ ಮನೆಯಲ್ಲಿ ಯಾರೂ ಆಡದಂತೆ ನೋಡಿಕೊಳ್ಳಿ. ಹೆದರಿದವಳಿಗೆ ಅದು ಧೈರ್ಯ ಕೊಡುವುದಿಲ್ಲ. ನಿನ್ನ ಹೆದರಿಕೆ ನಮಗೆ ಲೆಕ್ಕಕ್ಕಿಲ್ಲ ಎಂದು ಹೇಳಿದಂತಾಗುತ್ತದೆ.

ನನಗೆ ದಾರಿ ಮಾಡಿಕೊಟ್ಟದ್ದು ನಮ್ಮ ಮಾವ. ಮೊದಲನೆಯ ದಿನವೇ ಅವರು ನನ್ನನ್ನು ಕರೆದು, ತಂಗೀ, ನೀನು ಕೋಣೆಯಿಂದ ಹೊರಗೆ ಬರುವಾಗ ಒಂದು ಮಾತು ಕೂಗು, ನಾನು ನಾಯಿಯನ್ನು ಹಿಡಿದುಕೊಳ್ಳುತ್ತೇನೆ. ನೀನಾಗಿ ಬೇಡ ಎನ್ನುವ ತನಕ ಹಿಡಿದುಕೊಳ್ಳುತ್ತೇನೆ ಎಂದರು. ಹೇಳಿದಂತೆ ನಡೆದುಕೊಂಡರು. ಒಂದು ಸಲವೂ ಬೇಸರಿಸಲಿಲ್ಲ, ಇನ್ನೂ ಎಷ್ಟು ದಿನ ಎಂದು ಕೇಳಲಿಲ್ಲ. ಆಮೇಲೆ ಅಡುಗೆಮನೆಯ ಹೊಸ್ತಿಲಿನಲ್ಲಿ ನಿಂತು ರೊಟ್ಟಿಯ ಚೂರನ್ನು ದೂರಕ್ಕೆ ಎಸೆಯಲು ಹೇಳಿಕೊಟ್ಟರು. ಕೈಯಿಂದ ತಿನ್ನಿಸು ಎನ್ನಲಿಲ್ಲ, ಎಸೆ ಎಂದರು. ಅದೂ ನಾಯಿಯ ಹಿಂದಕ್ಕೆ ಬೀಳುವಂತೆ. ಆಗ ತಿನ್ನಲು ನಾಯಿ ನನ್ನಿಂದ ದೂರ ಹೋಗಬೇಕಾಗುತ್ತಿತ್ತು. ನಾನು ಎಸೆದರೆ ಅದು ದೂರ ಹೋಗುತ್ತದೆ ಎಂದು ಗೊತ್ತಾದ ಮೇಲೆ ನನ್ನ ಹೆಗಲು ಸಡಿಲಾಯಿತು.

ನೇರವಾಗಿ ಕಣ್ಣಲ್ಲಿ ಕಣ್ಣಿಟ್ಟು ನೋಡಬಾರದು, ಓಡಬಾರದು, ಚೀರಬಾರದು, ಓರೆಯಾಗಿ ನಿಂತು ಕೈ ಕೆಳಗೆ ಬಿಟ್ಟಿರಬೇಕು ಎಂಬುದನ್ನೆಲ್ಲ ಅವರು ಮಾತಿನ ನಡುವೆ ಒಂದೊಂದಾಗಿ ಹೇಳಿದರು. ಮುಟ್ಟಿದ್ದು ಎಷ್ಟೋ ಕಾಲದ ನಂತರ. ಇಂದು ಆ ನಾಯಿ ಇಲ್ಲ. ಅದರ ಕೊನೆಯ ದಿನಗಳಲ್ಲಿ ಮಾತ್ರೆ ನುಂಗಿಸುತ್ತಿದ್ದವಳು ನಾನೇ.

ಹಾನಗಲ್ಲ ಹೈನು, ಹಾವೇರಿ ಜಿಲ್ಲೆ

ನಮ್ಮಲ್ಲಿ ಎಮ್ಮೆ ಮತ್ತು ಸೊಸೆಯ ಪ್ರಸಂಗ ನಡೆಯಿತು. ವಿಷಯ ಒಂದೇ ಆದ್ದರಿಂದ ಬರೆಯುತ್ತೇನೆ.

ನಮ್ಮದು ಧಾರವಾಡಿ ಎಮ್ಮೆ, ಕೊಂಬು ಹೆಗಲ ತನಕ ಬಾಗಿ ಬೆಳೆದದ್ದು. 2021ರಲ್ಲಿ ಪ್ರತ್ಯೇಕ ತಳಿಯೆಂದು ಮಾನ್ಯತೆ ಸಿಕ್ಕಿತಲ್ಲ, ಅದೇ. ನಮ್ಮ ಅವ್ವನಿಗೆ ಮೊಣಕಾಲು ನೋವು ಬಂದು ಹಾಲು ಹಿಂಡುವ ಕೆಲಸ ನನ್ನ ಹೆಂಡತಿಗೆ ಬಂತು. ಎಮ್ಮೆ ಒದೆಯಲಿಲ್ಲ, ಹಾಯಲಿಲ್ಲ. ಸುಮ್ಮನೆ ನಿಂತುಕೊಂಡೇ ಹಾಲು ಏರಿಸಿಕೊಂಡುಬಿಟ್ಟಿತು. ಕೆಚ್ಚಲು ತುಂಬಿದೆ, ಮೊಲೆಗೆ ಇಳಿಯುತ್ತಿಲ್ಲ. ಓಣಿಯವರು ಚುಚ್ಚುಮದ್ದು ಹಾಕಿಸಿ ಎಂದರು. ಅದು ಎಮ್ಮೆಗೂ ಕೇಡು, ಕಾನೂನಿನ ಪ್ರಕಾರವೂ ಅಪರಾಧ. ನಾವು ಒಪ್ಪಲಿಲ್ಲ.

ಅವ್ವ ಮಾಡಿದ್ದು ಇಷ್ಟು. ಮೊದಲು ತಾನೇ ಕುರ್ಚಿ ಹಾಕಿಕೊಂಡು ಎಮ್ಮೆಯ ಮುಖದ ಹತ್ತಿರ ಕುಳಿತಳು. ಸೊಸೆಗೆ ತಾನು ಕೊಟ್ಟಿಗೆಯಲ್ಲಿ ಉಡುತ್ತಿದ್ದ ಹಳೆಯ ಇಳಕಲ್ ಸೀರೆ ಕೊಟ್ಟಳು, ಅದೇ ಚರಿಗೆ ಕೊಟ್ಟಳು. ಅದೇ ಹೊತ್ತಿಗೆ ಹತ್ತಿಕಾಳಿನ ಹಿಂಡಿ ಇಟ್ಟಳು. ತಾನು ಹಿಂಡುವಾಗ ಆಡುತ್ತಿದ್ದ ಮಾತುಗಳನ್ನೇ ಆಡುತ್ತ ಕುಳಿತಳು. ಸೊಸೆ ಕೆಚ್ಚಲನ್ನು ಬಿಸಿನೀರಿನ ಬಟ್ಟೆಯಿಂದ ಒರೆಸಿ ಕಾಯುತ್ತಿದ್ದಳು, ಎಳೆಯುತ್ತಿರಲಿಲ್ಲ. ಎಮ್ಮೆ ಒಪ್ಪಿಕೊಂಡ ಮೇಲೆ ಕುರ್ಚಿ ಬಾಗಿಲಿನ ಹತ್ತಿರ ಹೋಯಿತು, ಆಮೇಲೆ ಬಾಗಿಲಿನ ಹೊರಗೆ. ಸೀರೆ ಎಲ್ಲಕ್ಕಿಂತ ಕೊನೆಗೆ ಬದಲಾಯಿತು.

ಸಂತೆಯಿಂದ ಹೊಸ ದನ ತರುವವರಿಗೂ ಒಂದು ಮಾತು. ತಂದ ದಿನವೇ ಹಳೆಯವುಗಳ ಸಾಲಿನಲ್ಲಿ ಕಟ್ಟಬೇಡಿ. 2022ರಲ್ಲಿ ಚರ್ಮಗಂಟು ರೋಗ ಬಂದಾಗ ನಮ್ಮ ಜಿಲ್ಲೆ ಎಷ್ಟು ದನ ಕಳೆದುಕೊಂಡಿತೆಂದು ಎಲ್ಲರಿಗೂ ಗೊತ್ತಿದೆ. ಕಡಿಮೆಯೆಂದರೆ ಮೂರು ವಾರ ಬೇರೆ ಕಟ್ಟಿ, ಕಂದುರೋಗದ ರಕ್ತಪರೀಕ್ಷೆ ಮಾಡಿಸಿ. ಗೋದಲಿಯಲ್ಲಿ ಹಿರಿಯ ಎಮ್ಮೆಯ ಜಾಗವನ್ನು ಹೊಸದಕ್ಕೆ ಕೊಡಬೇಡಿ. ಮೊದಲ ಸಲ ಒಟ್ಟಿಗೆ ಬಿಡುವಾಗ ಹೊಟ್ಟೆ ತುಂಬ ಮೇವು ಹಾಕಿ ಬಯಲಿನಲ್ಲಿ ಬಿಡಿ. ಕೊಟ್ಟಿಗೆಯ ಇಕ್ಕಟ್ಟಿನಲ್ಲಿ ಸೋತ ದನಕ್ಕೆ ಹಿಂದೆ ಸರಿಯಲು ಜಾಗ ಇರುವುದಿಲ್ಲ, ಕೊಂಬು ತಗಲುವುದು ಅಲ್ಲಿಯೇ.

ಗದಗ ಪಶುವೈದ್ಯ

ಹಾನಗಲ್ಲದ ತಾಯಿಯವರು ಮಾಡಿದ್ದು ಅಕ್ಷರಶಃ ಸರಿ. ಹಾಲು ಇಳಿಯಬೇಕಾದರೆ ಮೆದುಳಿನಿಂದ ಆಕ್ಸಿಟೋಸಿನ್ ಎಂಬ ಹಾರ್ಮೋನು ರಕ್ತಕ್ಕೆ ಬರಬೇಕು. ಹೆದರಿದ ಪ್ರಾಣಿಯಲ್ಲಿ ಅಡ್ರಿನಲಿನ್ ಅದಕ್ಕೆ ಅಡ್ಡ ಬರುತ್ತದೆ. ಬಲವಂತಕ್ಕೆ ಹಾಲಿಲ್ಲ ಎನ್ನುವುದು ಎಮ್ಮೆಯ ಹಟವಲ್ಲ, ಅದರ ಮೈಯ ಕ್ರಮ.

ಮಾಳಮಡ್ಡಿ ಮನೆ, ಧಾರವಾಡ

ಎಲ್ಲವನ್ನೂ ಎರಡೆರಡು ಸಲ ಓದಿದೆ. ಗೋಕುಲ ರಸ್ತೆಯ ತಂಗಿ ಬರೆದದ್ದನ್ನು ಮಗನಿಗೂ ಓದಿಸಿದೆ. ಭೀಮನ ಹಾಸಿಗೆ ಸರಿಯುತ್ತಿದೆ, ಬಡಗಿ ಅಳತೆ ತೆಗೆದುಕೊಂಡು ಹೋಗಿದ್ದಾನೆ. ದುಪಟ್ಟಾ ಬಂದಿದೆ. ಮೊದಲು ಮೂಸಿ ಸೀನಿದ, ಈಗ ಅದರ ಮೇಲೆಯೇ ಗದ್ದ ಇಟ್ಟು ಮಲಗುತ್ತಾನೆ.

ಮದುವೆಯ ದಿನಗಳದೇ ಚಿಂತೆ. ಮನೆಯ ತುಂಬ ಜನ, ವಾಲಗ, ಪಟಾಕಿ, ಬಾಗಿಲು ಹಗಲೆಲ್ಲ ತೆರೆದೇ ಇರುತ್ತದೆ. ಮನೆ ತುಂಬಿಸಿಕೊಳ್ಳುವ ಹೊತ್ತಿಗೆ ಅವನನ್ನು ಎಲ್ಲಿ ಇಡಲಿ?

ನವನಗರ ಸುತ್ತಾಟ, ಹುಬ್ಬಳ್ಳಿ

ಮನೆಯಲ್ಲಿ ಬೇಡ ಕಾಕು. ಅವನಿಗೆ ಪರಿಚಯವಿರುವ ಮನೆ ಒಂದಿದ್ದರೆ ಮದುವೆಗೆ ಕೆಲವು ದಿನ ಮೊದಲು ಅಲ್ಲಿ ಒಂದೆರಡು ರಾತ್ರಿ ಇರಿಸಿ ರೂಢಿ ಮಾಡಿಸಿ. ಜನ ಕರಗಿ ಮನೆಯವರಷ್ಟೇ ಉಳಿದ ಮೇಲೆ ಕರೆದುಕೊಂಡು ಬನ್ನಿ. ಕೊರಳಪಟ್ಟಿಯಲ್ಲಿ ಫೋನ್ ನಂಬರು ಇರಲಿ, ಪಟಾಕಿಗೆ ಬೆದರಿ ಓಡಿದ ನಾಯಿಗಳು ಊರ ಆಚೆ ಸಿಕ್ಕ ಉದಾಹರಣೆಗಳಿವೆ. ಮದುವೆಗೆ ಬಂದ ಮಕ್ಕಳು ನಾಯಿ ಎಲ್ಲಿ, ನಾಯಿ ಎಲ್ಲಿ ಎಂದು ಹುಡುಕಿಕೊಂಡು ಹೋಗುತ್ತಾರೆ. ಕೋಣೆಗೆ ಬೀಗ ಹಾಕಿದರೂ ಯಾರಾದರೂ ತೆಗೆಯುತ್ತಾರೆ.

ಚಿನ್ನಿ ಸೊಸೆಯ ಜೊತೆಗೇ ಬರುವುದು ಬೇಡ. ಒಂದು ಹೊಸ ಜೀವಕ್ಕೆ ಭೀಮ ಒಗ್ಗಿಕೊಳ್ಳಲಿ, ಇನ್ನೊಂದು ಆಮೇಲೆ. ತವರಿಗೆ ಮೊದಲ ಸಲ ಹೋಗಿ ಮರಳುವಾಗ ಕರೆತಂದರೆ ಸರಿಹೋಗುತ್ತದೆ.

ವಿದ್ಯಾನಗರ ಬೆಕ್ಕು, ಹುಬ್ಬಳ್ಳಿ

ನಡುವೆ ನನ್ನದೊಂದು ಪ್ರಶ್ನೆ. ನಾನು ಮೂರು ತಿಂಗಳ ಗರ್ಭಿಣಿ. ಮನೆಯಲ್ಲಿ ಬೆಕ್ಕಿದೆ. ಹೊಟ್ಟೆಯ ಮಗುವಿಗೆ ತೊಂದರೆ, ಬೆಕ್ಕನ್ನು ಬಿಟ್ಟುಬಿಡಿ ಎಂದು ಎಲ್ಲರೂ ಒತ್ತಾಯಿಸುತ್ತಿದ್ದಾರೆ. ಬಿಡಲೇಬೇಕೇ?

ಗದಗ ಪಶುವೈದ್ಯ

ಬಿಡಬೇಕಾಗಿಲ್ಲ. ಅವರು ಹೆದರುತ್ತಿರುವುದು ಟಾಕ್ಸೊಪ್ಲಾಸ್ಮಾ ಎಂಬ ಪರೋಪಜೀವಿಗೆ. ಭಯಕ್ಕೆ ಆಧಾರವಿದೆ, ಪರಿಹಾರ ಮಾತ್ರ ಬೇರೆ. ಅದು ಬೆಕ್ಕಿನ ಮಲದಲ್ಲಿ ಬರುತ್ತದೆ. ಹೊರಬಿದ್ದ ಕೂಡಲೇ ಅಂಟುವುದಿಲ್ಲ, ಅದಕ್ಕೆ 1ರಿಂದ 5 ದಿನ ಬೇಕು. ಹಾಗಾಗಿ ಟ್ರೇಯನ್ನು ದಿನವೂ ಸ್ವಚ್ಛಗೊಳಿಸಬೇಕು, ಆ ಕೆಲಸವನ್ನು ನಿಮ್ಮ ಪತಿ ಮಾಡಬೇಕು. ಬೆಕ್ಕಿಗೆ ಹಸಿ ಮಾಂಸ ಹಾಕಬೇಡಿ. ನೀವು ಸರಿಯಾಗಿ ಬೇಯದ ಮಾಂಸ ತಿನ್ನಬೇಡಿ, ಸೊಪ್ಪು ತರಕಾರಿ ಚೆನ್ನಾಗಿ ತೊಳೆಯಿರಿ, ಹಿತ್ತಲಿನ ಮಣ್ಣು ಮುಟ್ಟಿದ ಮೇಲೆ ಕೈ ತೊಳೆಯಿರಿ. ಈ ಸೋಂಕು ಹೆಚ್ಚಾಗಿ ಬರುವ ದಾರಿಗಳು ಇವೇ. ನಿಮ್ಮ ಹೆರಿಗೆ ವೈದ್ಯರಿಗೆ ಮನೆಯಲ್ಲಿ ಬೆಕ್ಕಿದೆಯೆಂದು ತಿಳಿಸಿಡಿ.

ಬೆಟಗೇರಿ ಮಗ್ಗ, ಗದಗ

ತಂಗೀ, ನೀನು ಹೆರಿಗೆಗೆ ತವರಿಗೆ ಹೋಗುವವಳಾದರೆ ಇದನ್ನು ಕೇಳು. ನಮ್ಮ ಕಡೆ ಬಾಣಂತಿ ತಿಂಗಳುಗಟ್ಟಲೆ ತವರಿನಲ್ಲಿದ್ದು ಬರುತ್ತಾಳೆ. ಅಷ್ಟರಲ್ಲಿ ಬೆಕ್ಕು ನಿನ್ನ ವಾಸನೆಯನ್ನೇ ಮರೆತಂತಿರುತ್ತದೆ, ಬರುವಾಗ ನೀನು ಬರುವುದು ಮಗುವಿನ ಜೊತೆ, ಲೋಬಾನದ ಹೊಗೆಯ ವಾಸನೆಯ ಜೊತೆ. ಗಂಡ ಮಗುವನ್ನು ನೋಡಲು ಬಂದಾಗಲೆಲ್ಲ ಮಗು ಹಾಕಿ ಬಿಟ್ಟ ಕುಂಚಿಗೆಯೊಂದನ್ನು, ನಿನ್ನ ಹಳೆಯ ಸೀರೆಯ ತುಂಡೊಂದನ್ನು ಮನೆಗೆ ಕೊಟ್ಟು ಕಳಿಸು. ಮನೆಯಲ್ಲಿಯೂ ಆಗಾಗ ಸ್ವಲ್ಪ ಲೋಬಾನ ಹಾಕಲಿ. ಮಗು ಅಳುವ ಸದ್ದನ್ನು ಮೊಬೈಲಿನಲ್ಲಿ ತೆಗೆದುಕೊಂಡು ಬೆಕ್ಕು ಉಣ್ಣುವ ಹೊತ್ತಿಗೆ ಸಣ್ಣಗೆ ಕೇಳಿಸಲಿ. ತೊಟ್ಟಿಲನ್ನು ಮುಂಚೆಯೇ ಕಟ್ಟಿ, ಬೆಕ್ಕು ಅದರೊಳಗೆ ಮಲಗುವ ರೂಢಿ ಆಗದಂತೆ ಮೇಲೆ ಬಲೆ ಬಿಗಿಯಿರಿ. ಮಗು ಮಲಗಿದ ಕೋಣೆಯಲ್ಲಿ ದೊಡ್ಡವರಿಲ್ಲದೆ ಬೆಕ್ಕನ್ನಾಗಲಿ ನಾಯಿಯನ್ನಾಗಲಿ ಬಿಡಬಾರದು, ಎಷ್ಟೇ ಸಾಧುವಾಗಿರಲಿ.

ಮಾಳಮಡ್ಡಿ ಮನೆ, ಧಾರವಾಡ

ಮದುವೆ ಚೆನ್ನಾಗಿ ಆಯಿತು. ಭೀಮ ಆ ದಿನಗಳನ್ನು ಸಾಧನಕೇರಿಯ ನನ್ನ ತಮ್ಮನ ಮನೆಯಲ್ಲಿ ಕಳೆದ. ಸೊಸೆ ಅಡುಗೆಮನೆಯ ಹೊಸ್ತಿಲಿನಿಂದ ರೊಟ್ಟಿ ಎಸೆಯುವುದರಿಂದ ಶುರುಮಾಡಿ, ಈಗ ಊಟದ ತಟ್ಟೆಯನ್ನು ತಾನೇ ನೆಲಕ್ಕಿಡುತ್ತಾಳೆ. ಮುಟ್ಟುವುದಿಲ್ಲ. ಯಾರೂ ಮುಟ್ಟು ಎನ್ನುವುದೂ ಇಲ್ಲ. ಚಿನ್ನಿ ಬಂದು ಕೋಣೆಯಲ್ಲಿದೆ. ಮುಂದಿನದನ್ನು ಅವಳೇ ಬರೆಯುತ್ತಾಳಂತೆ, ಮೊಬೈಲು ಕೊಡುತ್ತೇನೆ.

ನಮಸ್ಕಾರ, ನಾನು ಸೊಸೆ. ನೀವೆಲ್ಲ ಬರೆದದ್ದನ್ನು ಅತ್ತೆ ನಾನು ಬರುವ ಮುಂಚೆಯೇ ಫೋನಿನಲ್ಲಿ ಓದಿ ಹೇಳಿದ್ದರು. ನನ್ನದೊಂದು ಸಂದೇಹ. ಮೊದಲು ಜಾಲರಿಯ ಆಚೆ ಚಿನ್ನಿ ಕಂಡರೆ ಭೀಮ ಬೊಗಳುತ್ತಿದ್ದ, ಜಿಗಿಯುತ್ತಿದ್ದ. ಈಗ ಬೊಗಳುವುದಿಲ್ಲ. ಜಾಲರಿಯ ಮುಂದೆ ಅಲುಗಾಡದೆ ನಿಂತು, ತಲೆ ತುಸು ತಗ್ಗಿಸಿ ನೋಡುತ್ತಲೇ ಇರುತ್ತಾನೆ. ಹೆಸರು ಕರೆದರೂ ಕಿವಿ ತಿರುಗುವುದಿಲ್ಲ. ಶಾಂತನಾದ, ಇನ್ನು ಬಿಡಬಹುದು ಎಂದು ಮನೆಯವರು ಹೇಳುತ್ತಿದ್ದಾರೆ. ನನಗೆ ಮಾತ್ರ ಧೈರ್ಯ ಬರುತ್ತಿಲ್ಲ.

ಗದಗ ಪಶುವೈದ್ಯ

ನಿಮ್ಮ ಸಂದೇಹವೇ ಸರಿ, ಬಿಡಬೇಡಿ. ಅದು ಶಾಂತಿಯಲ್ಲ, ಬೇಟೆಯ ನೋಟ. ಬೊಗಳುವ ನಾಯಿಗಿಂತ ಹೀಗೆ ಉಸಿರು ಬಿಗಿಹಿಡಿದು ನಿಂತ ನಾಯಿ ಬೆಕ್ಕಿಗೆ ಹೆಚ್ಚು ಅಪಾಯ.

ಜಾಲರಿಯ ಕೆಳಗಿನ ಅರ್ಧಕ್ಕೆ ಇಂದೇ ದಪ್ಪ ಬಟ್ಟೆ ಕಟ್ಟಿ. ಅವನಿಗೆ ವಾಸನೆ ಬರಲಿ, ಸದ್ದು ಕೇಳಲಿ, ಕಾಣುವುದು ಬೇಡ. ಆ ಬಾಗಿಲಿನ ಮುಂದೆ ನಿಲ್ಲುವ ಅವಕಾಶವನ್ನೇ ತಪ್ಪಿಸಿ. ಪಡಸಾಲೆಯ ಇನ್ನೊಂದು ತುದಿಯಲ್ಲಿ ಅವನ ಹಾಸಿಗೆ ಇರಲಿ. ಬೆಳಿಗ್ಗೆ ಚೆನ್ನಾಗಿ ಓಡಿಸಿ ದಣಿಸಿದ ಮೇಲೆ ಬಟ್ಟೆಯನ್ನು ಸ್ವಲ್ಪವೇ ಸರಿಸಿ, ದೂರದಲ್ಲಿ ಹಗ್ಗ ಹಿಡಿದು ಹೆಸರು ಕರೆಯಿರಿ. ನೋಟ ಕಿತ್ತು ನಿಮ್ಮ ಕಡೆ ತಿರುಗಿದರೆ ತಿಂಡಿ, ಅಲ್ಲಿಗೆ ಅಂದಿನ ಪಾಠ ಮುಗಿಯಿತು. ತಿರುಗದಿದ್ದರೆ ಬಟ್ಟೆ ಮತ್ತೆ ಇಳಿಸಿ. ಜೊತೆಗೆ ಬಾಯಿಗೆ ಹಾಕುವ ಬುಟ್ಟಿಯಂಥ ಮಜಲ್ ತಂದು, ಅದರೊಳಗೆ ತಿಂಡಿ ಇಟ್ಟು, ಅವನಾಗಿಯೇ ಮೂತಿ ತೂರಿಸುವಂತೆ ಈಗಿನಿಂದಲೇ ರೂಢಿ ಮಾಡಿ; ಉಸಿರಾಡಲು, ನೀರು ಕುಡಿಯಲು ಬರುವಂಥದ್ದೇ ಆಗಬೇಕು. ಒಂದು ತಿಂಗಳ ನಂತರ ಅವನು ನೋಡುವ ರೀತಿಯನ್ನು ವೀಡಿಯೊ ಮಾಡಿ ನಿಮ್ಮ ಪಶುವೈದ್ಯರಿಗೆ ತೋರಿಸಿ. ಮನೆಯಲ್ಲಿ ಯಾರೂ ಇಲ್ಲದ ಹೊತ್ತಿನಲ್ಲಿ ಮಾತ್ರ ಜಾಲರಿಯನ್ನು ನಂಬಬೇಡಿ, ಮರದ ಬಾಗಿಲಿಗೆ ಚಿಲಕ ಹಾಕಿಯೇ ಹೋಗಿ.